ಲಘುಕೌಮುದಿ ಎರಡು ಸಲ ಅರ್ಧಕ್ಕೇ ನಿಂತರೆ: ಸಂಸ್ಕೃತ ವ್ಯಾಕರಣಕ್ಕೆ ಯಾವ ಪುಸ್ತಕ, ಯಾವ ಕ್ರಮ?

ಪ್ರಶ್ನೆ: ನಮ್ಮದು ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ತಿರ. ನಾನು ಹತ್ತನೆಯವರೆಗೆ ಓದಿದ್ದು ಕನ್ನಡ ಮಾಧ್ಯಮದಲ್ಲಿ, ಆಮೇಲೆ ಇಂಗ್ಲಿಷ್. ಮಗಳು ಶಾಲೆಯಲ್ಲಿ ಸಂಸ್ಕೃತ ತೆಗೆದುಕೊಂಡಿದ್ದಾಳೆ. ಅವಳಿಗೆ ಹೇಳಿಕೊಡುವಷ್ಟು ಬರಬೇಕು, ನನಗೇ ರಘುವಂಶ ಓದಿ ಅರ್ಥ ಮಾಡಿಕೊಳ್ಳುವಷ್ಟು ಬಂದರೆ ಇನ್ನೂ ಒಳ್ಳೆಯದು. ಮನೆಯಲ್ಲಿ ಅಜ್ಜನ ಕಾಲದ ಲಘುಸಿದ್ಧಾಂತಕೌಮುದಿ ಉಂಟು, ಪಾಣಿನಿಯ ವ್ಯಾಕರಣ ಕಲಿಸುವ ಪುಸ್ತಕ. ಎರಡು ಸಲ ಶುರು ಮಾಡಿದೆ, ಎರಡು ಸಲವೂ ಹಲ್ಸಂಧಿಗೆ (ವ್ಯಂಜನಸಂಧಿಗೆ) ಬರುವಾಗ ಕೈಬಿಟ್ಟೆ. ದಿನಕ್ಕೆ ಒಂದು ಗಂಟೆ ಸಿಗುತ್ತದೆ. ಯಾವ ಪುಸ್ತಕ ತೆಗೆದುಕೊಳ್ಳಲಿ? ಕನ್ನಡ ಲಿಪಿಯದ್ದೋ, ನಾಗರಿಯದ್ದೋ?

ಉತ್ತರ: ಅಜ್ಜನ ಪುಸ್ತಕವನ್ನು ಅಟ್ಟಕ್ಕೆ ಹಾಕಬೇಡಿ. ಆದರೆ ಇನ್ನೊಂದು ವರ್ಷ ಅದನ್ನು ಮೊದಲ ಪುಟದಿಂದ ತೆರೆಯುವುದೂ ಬೇಡ. ನೀವು ನಿಂತದ್ದು ಬುದ್ಧಿ ಸಾಲದೆ ಅಲ್ಲ, ಪುಸ್ತಕ ಕೆಟ್ಟದಾಗಿಯೂ ಅಲ್ಲ. ವರದರಾಜ ಅದನ್ನು ಬರೆದದ್ದು ರಾಮಶಬ್ದ, ಭೂಧಾತು, ಅಮರಕೋಶ ಇಷ್ಟನ್ನು ಬಾಯಿಪಾಠ ಮಾಡಿ ಮುಗಿಸಿದ ಹುಡುಗನಿಗೆ. ಅವನಿಗೆ ರೂಪ ಗೊತ್ತು, ಅದು ಹೇಗೆ ಬಂತು ಎಂಬುದು ಗೊತ್ತಿಲ್ಲ. ಕೌಮುದಿ ಹೇಳುವುದು ಆ ‘ಹೇಗೆ’ಯನ್ನು. ರೂಪವೇ ಗೊತ್ತಿಲ್ಲದವರಿಗೆ ಅದು ಉತ್ತರದ ಪುಸ್ತಕ, ಪ್ರಶ್ನೆಯೇ ಇನ್ನೂ ಹುಟ್ಟಿರುವುದಿಲ್ಲ.

‘ರಾಮೇಣ’ ಎಂಬ ಒಂದೇ ಶಬ್ದ ತೆಗೆದುಕೊಳ್ಳಿ. ತೃತೀಯಾ ಏಕವಚನದ ಪ್ರತ್ಯಯ ‘ಟಾ’. ಅಕಾರಾಂತ ಶಬ್ದದ ಮುಂದೆ ಅದರ ಜಾಗಕ್ಕೆ ‘ಇನ’ ಬರುತ್ತದೆ, ಸೂತ್ರ ‘ಟಾಙಸಿಙಸಾಮಿನಾತ್ಸ್ಯಾಃ’ (7.1.12, ಅಂದರೆ ಪಾಣಿನಿಯ ಮೂಲಗ್ರಂಥ ಅಷ್ಟಾಧ್ಯಾಯಿಯ 7ನೇ ಅಧ್ಯಾಯ, 1ನೇ ಪಾದ, 12ನೇ ಸೂತ್ರ). ರಾಮ + ಇನ, ‘ಆದ್ಗುಣಃ’ (6.1.87) ಸೇರಿ ರಾಮೇನ. ಆಮೇಲೆ ‘ಅಟ್ಕುಪ್ವಾಙ್ನುಮ್ವ್ಯವಾಯೇಽಪಿ’ (8.4.2) ಬಂದು ನಕಾರವನ್ನು ಣಕಾರ ಮಾಡುತ್ತದೆ. ರೇಫಕ್ಕೂ (ರಕಾರಕ್ಕೂ) ನಕಾರಕ್ಕೂ ನಡುವೆ ಸ್ವರಗಳು, ಹ ಯ ವ ರ, ಕವರ್ಗ, ಪವರ್ಗ ಇಷ್ಟೇ ಇದ್ದರೆ ಣತ್ವ ಆಗುತ್ತದೆ. ಇಲ್ಲಿ ನಡುವೆ ಇರುವುದು ಆ, ಮ, ಏ, ಆದ್ದರಿಂದ ಆಯಿತು. ‘ರಥೇನ’ದಲ್ಲಿ ಥಕಾರ ಅಡ್ಡ. ‘ಅರ್ಜುನೇನ’ದಲ್ಲಿ ಜಕಾರ ಅಡ್ಡ. ‘ಕೃಷ್ಣೇನ’ದಲ್ಲಿ ನಡುವಿನ ಣಕಾರವೇ ಅಡ್ಡ. ‘ರಾಮಾನ್’ ಎಂಬಲ್ಲಿ ನಕಾರ ಪದದ ಕೊನೆಯಲ್ಲಿರುವುದರಿಂದ ಆಗುವುದಿಲ್ಲ. ರಾಮೇಣ, ರಥೇನ, ಕೃಷ್ಣೇನ ಎಂದು ನೂರು ಸಲ ಹೇಳಿ ‘ಇದೆಂತ, ಒಂದು ಕಡೆ ಣ, ಒಂದು ಕಡೆ ನ?’ ಎಂದು ತಲೆ ಕೆರೆದುಕೊಂಡವರಿಗೆ ಈ ಸೂತ್ರ ಸಿಕ್ಕಿದಾಗ ಸಂತೋಷವಾಗುತ್ತದೆ. ಉಳಿದವರಿಗೆ ಅದು ಉಚ್ಚರಿಸಲಿಕ್ಕೂ ಕಷ್ಟವಾದ ಒಂದು ಸಾಲು.

ಎರಡನೆಯ ತೊಡಕು ಅನುವೃತ್ತಿಯದ್ದು, ಅಂದರೆ ಮೇಲಿನ ಸೂತ್ರದ ಪದ ಕೆಳಗಿನ ಸೂತ್ರಕ್ಕೆ ಇಳಿದು ಬರುವುದು. ‘ಆದ್ಗುಣಃ’ ಎಂಬಲ್ಲಿ ಇರುವುದು ಎರಡೇ ಪದ: ಅವರ್ಣದಿಂದ, ಗುಣ. ಆದರೆ ಕೆಳಗಿನ ವೃತ್ತಿಯಲ್ಲಿ (ಸೂತ್ರದ ವಿವರಣೆಯಲ್ಲಿ) ‘ಅಚ್ ಪರವಾದಾಗ’ (ಸ್ವರ ಮುಂದೆ ಬಂದಾಗ), ‘ಹಿಂದಿನದ್ದು ಮುಂದಿನದ್ದು ಎರಡರ ಜಾಗಕ್ಕೆ ಒಂದೇ’ ಎಂದೆಲ್ಲ ಬರುತ್ತದೆ. ಇವು ಎಲ್ಲಿಂದ ಬಂದವು? ಅಷ್ಟಾಧ್ಯಾಯಿಯ ಸಾಲಿನಲ್ಲಿ ಸ್ವಲ್ಪ ಮೇಲೆ ‘ಇಕೋ ಯಣಚಿ’ (6.1.77) ಉಂಟು, ಅಲ್ಲಿಂದ ‘ಅಚಿ’ ಇಳಿದು ಬಂತು. ‘ಏಕಃ ಪೂರ್ವಪರಯೋಃ’ (6.1.84) ಎಂಬುದರಿಂದ ಉಳಿದದ್ದು ಬಂತು. ಪಾಣಿನಿಯ ಸುಮಾರು 4000 ಸೂತ್ರಗಳಲ್ಲಿ ಸುಮಾರು 1270ನ್ನು ಆರಿಸಿ, ವಿಷಯದ ಪ್ರಕಾರ ಬೇರೆ ಸಾಲಿನಲ್ಲಿ ಜೋಡಿಸಿದ್ದು ಲಘುಕೌಮುದಿ. ಜೋಡಣೆ ಬದಲಾದಾಗ ಅನುವೃತ್ತಿಯ ಕೊಂಡಿ ಕಣ್ಣಿಗೆ ಕಾಣುವುದಿಲ್ಲ, ಆದ್ದರಿಂದ ಸೂತ್ರದ ಜೊತೆಗೆ ವೃತ್ತಿಯನ್ನೂ ಬಾಯಿಪಾಠ ಮಾಡಬೇಕಾಗುತ್ತದೆ. ಸಂಜೆ ಅಡುಗೆ ಮುಗಿಸಿ ಒಂದು ಗಂಟೆ ಕೂರುವವರಿಗೆ ಮೊದಲ ದಿನದಿಂದಲೇ ಈ ಎರಡು ಹೊರೆ ಒಟ್ಟಿಗೆ ಬೇಡ.

ಮೊದಲು ಲಿಪಿಯ ಪ್ರಶ್ನೆ ಮುಗಿಸುತ್ತೇನೆ. ಬಾಯಿಪಾಠಕ್ಕೆ ಕನ್ನಡ ಲಿಪಿಯ ಪುಸ್ತಕ ಸಾಕು, ಕಣ್ಣು ಬೇಗ ಓಡುತ್ತದೆ. ವ್ಯಾಕರಣಕ್ಕೆ ಮಾತ್ರ ನಾಗರಿಯದ್ದೇ ತೆಗೆದುಕೊಳ್ಳಿ. ಕಾರಣ ಸೊನ್ನೆ. ಕನ್ನಡದಲ್ಲಿ ನಾವು ಶಂಕರ, ಸಂಚಾರ, ಪಂಡಿತ, ಅಂತ, ಸಂಬಂಧ ಎಲ್ಲದಕ್ಕೂ ಒಂದೇ ಸೊನ್ನೆ ಹಾಕುತ್ತೇವೆ. ಉಚ್ಚಾರಣೆಯಲ್ಲಿ ಇರುವುದು ಶಙ್ಕರ, ಸಞ್ಚಾರ, ಪಣ್ಡಿತ, ಅನ್ತ, ಸಮ್ಬನ್ಧ. ‘ಅನುಸ್ವಾರಸ್ಯ ಯಯಿ ಪರಸವರ್ಣಃ’ (8.4.58) ಎಂಬ ಸೂತ್ರ ಮಾಡುವ ಕೆಲಸವೇ ಸೊನ್ನೆಯನ್ನು ಙ ಞ ಣ ನ ಮ ಮಾಡುವುದು. ಕನ್ನಡ ಮುದ್ರಣದಲ್ಲಿ ಸೂತ್ರಕ್ಕೆ ಮೊದಲೂ ಸೊನ್ನೆ, ಆಮೇಲೂ ಸೊನ್ನೆ! ಏನೂ ಬದಲಾದದ್ದೇ ಕಾಣದೆ ‘ಇದು ಯಾಕೆ?’ ಎಂದು ಕೂರಬೇಕಾಗುತ್ತದೆ. ನಾಗರಿಯಲ್ಲೂ ಸೊನ್ನೆ ಹಾಕುವ ಮುದ್ರಣಗಳು ಉಂಟು, ಆದರೆ ವ್ಯಾಕರಣದ ಪುಸ್ತಕಗಳಲ್ಲಿ ಸಾಮಾನ್ಯವಾಗಿ ಅನುನಾಸಿಕವನ್ನು ಬಿಡಿಸಿಯೇ ಹಾಕುತ್ತಾರೆ. ಇನ್ನೊಂದು ದೀರ್ಘ ೠಕಾರದ ಕಥೆ. ಪಿತೄನ್, ಪಿತೄಣಾಮ್ ಎಂಬಲ್ಲಿ ಆ ದೀರ್ಘದ ಚಿಹ್ನೆ ಎಷ್ಟೋ ಕನ್ನಡ ಮುದ್ರಣಗಳಲ್ಲಿ ಹ್ರಸ್ವವಾಗಿ ಬಿದ್ದಿರುತ್ತದೆ. ಮಕ್ಕಳು ಅದನ್ನೇ ಬಾಯಿಪಾಠ ಮಾಡುತ್ತಾರೆ. ಕೇರಳದ ಶಾಲೆಯಲ್ಲಿ ಹಿಂದಿಯೂ ಇರುವುದರಿಂದ ಮಗಳಿಗೆ ನಾಗರಿ ಹೇಗೂ ಬರುತ್ತದೆ. ನಿಮಗೆ ಹದಿನೈದು ದಿನದ ಕೆಲಸ.

ಕಾಸರಗೋಡಿನವರಿಗೆ ಕಿವಿಯ ಸಮಸ್ಯೆಯೂ ಒಂದು ಉಂಟು. ಮಲಯಾಳದಲ್ಲಿ ಬೇರೆ ವ್ಯಂಜನಕ್ಕೆ ಅಂಟಿದ ತಕಾರವನ್ನೂ ಪದಾಂತದ ತಕಾರವನ್ನೂ ಲಕಾರದ ಹಾಗೆ ಹೇಳುವ ವಾಡಿಕೆ: ಉತ್ಸವಕ್ಕೆ ಉಲ್ಸವ, ತಾತ್ಪರ್ಯಕ್ಕೆ ತಾಲ್ಪರ್ಯ. ಸಂಸ್ಕೃತವನ್ನೂ ಹಾಗೆಯೇ ಓದುವವರು ಇದ್ದಾರೆ, ‘ತಸ್ಮಾಲ್’, ‘ಭಗವಲ್’ ಎಂದು. ಅದು ಅಲ್ಲಿನ ಹಳೆಯ ಸಂಪ್ರದಾಯ, ತಪ್ಪು ಎಂದು ಮಗಳು ಮಾಸ್ಟ್ರಿಗೆ ಹೇಳುವುದು ಬೇಡ. ಆದರೆ ಬರೆಯುವಾಗ ತಕಾರ ಎಂಬುದು ಅವಳಿಗೆ ಗೊತ್ತಿರಬೇಕು. ಇಲ್ಲದಿದ್ದರೆ ತತ್ + ಅಪಿ ‘ತದಪಿ’ ಆಗುವುದು (ಝಲಾಂ ಜಶೋಽನ್ತೇ, 8.2.39) ಯಾಕೆ ಎಂದು ತಿಳಿಯುವುದೇ ಇಲ್ಲ. ನಿಜವಾಗಿ ತಕಾರ ಲಕಾರವಾಗುವುದು ಲಕಾರ ಮುಂದೆ ಬಂದಾಗ ಮಾತ್ರ: ತತ್ + ಲಯಃ = ತಲ್ಲಯಃ (ತೋರ್ಲಿ, 8.4.60).

ಇನ್ನು ಪುಸ್ತಕಗಳು. ಅಂಗಡಿಯಲ್ಲಿ ‘ಸಂಸ್ಕೃತ ವ್ಯಾಕರಣ’ ಎಂದು ಕೇಳಿದರೆ ಮೂರು ಬೇರೆ ಬೇರೆ ಜಾತಿಯವನ್ನು ಒಟ್ಟಿಗೆ ತಂದಿಡುತ್ತಾರೆ. ಭಾಷೆ ಕಲಿಸುವ ಪಾಠಪುಸ್ತಕ ಒಂದು, ರೂಪಗಳ ಪಟ್ಟಿ ಇನ್ನೊಂದು, ಶಾಸ್ತ್ರ ಮೂರನೆಯದು. ನಿಮಗೆ ಒಂದೊಂದು ಸಾಕು. ಹೆಚ್ಚಿನವರು ಕೆಡುವುದು ಮೊದಲನೆಯ ಜಾತಿಯದ್ದನ್ನೇ ಐದು ಕೊಂಡು, ಐದರ ಮೊದಲ ಎಂಟು ಪಾಠ ಮಾತ್ರ ಓದಿ. ಎಲ್ಲದರಲ್ಲೂ ಮೊದಲ ಎಂಟು ಪಾಠ ಒಂದೇ ಎಂಬುದು ಆಮೇಲೆ ಗೊತ್ತಾಗುತ್ತದೆ.

ಪಾಠಪುಸ್ತಕವಾಗಿ, ಇಂಗ್ಲಿಷ್ ಓದುತ್ತೀರಾದರೆ ರಾ.ಗೋ. ಭಂಡಾರ್ಕರರ ಸಂಸ್ಕೃತದ ಮೊದಲ ಪುಸ್ತಕ, ‘ಮಾರ್ಗೋಪದೇಶಿಕಾ’ ಎಂದು ಹೆಸರಾದದ್ದು. ಹತ್ತೊಂಬತ್ತನೇ ಶತಮಾನದ್ದು, ಅಚ್ಚು ಚಂದವಿಲ್ಲ, ವಾಕ್ಯಗಳು ಒಣ. ಆದರೂ ಅದನ್ನೇ ಮೊದಲು ಹೇಳುವುದಕ್ಕೆ ಕಾರಣ ಉಂಟು: ಪ್ರತಿ ಪಾಠದಲ್ಲೂ ನಿಯಮ ಸ್ವಲ್ಪ, ಅಭ್ಯಾಸ ಜಾಸ್ತಿ, ಮತ್ತು ಅಭ್ಯಾಸ ಎರಡು ದಿಕ್ಕಿಗೆ ಉಂಟು. ಸಂಸ್ಕೃತದಿಂದ ಆಚೆಗೆ ಮಾತ್ರ ಅನುವಾದ ಮಾಡಿದವರಿಗೆ ವಿಭಕ್ತಿ ಊಹೆಯಿಂದ ನಡೆಯುತ್ತದೆ. ಸಂಸ್ಕೃತಕ್ಕೆ ಅನುವಾದ ಮಾಡಿದಾಗಲೇ ಕೈ ತಡವರಿಸುವುದು, ಕಲಿಯುವುದೂ ಆಗಲೇ. ಇಂಗ್ಲಿಷ್ ಬೇಡ ಎಂದಾದರೆ ಸಂಸ್ಕೃತಭಾರತಿಯ ಅಂಚೆ ಪಾಠ: ಪ್ರವೇಶ, ಪರಿಚಯ, ಶಿಕ್ಷಾ, ಕೋವಿದ ಎಂದು ನಾಲ್ಕು ಹಂತ, ಆರಂಭದ ಹಂತಕ್ಕೆ ಕನ್ನಡ ವಿವರಣೆ ಉಂಟು. ಇದರಲ್ಲಿ ಮಾತು ಬೇಗ ಬರುತ್ತದೆ. ಕೊರತೆಯೂ ಉಂಟು. ಸಂಭಾಷಣೆಗೆ ಅನುಕೂಲವಾಗಲೆಂದು ಮೊದಲ ಪಾಠಗಳಲ್ಲಿ ಭೂತಕಾಲಕ್ಕೆ ಗತವಾನ್, ಗತವತೀ ಎಂಬ ಕ್ತವತು ರೂಪಗಳನ್ನೇ ಮುಂದೆ ಮಾಡುತ್ತಾರೆ. ಮಾತಿಗೆ ಅದು ಸುಲಭ, ಆದರೆ ಕಾವ್ಯದಲ್ಲಿ ಬರುವ ಭೂತಕಾಲದ ಬೇರೆ ರೂಪಗಳಾದ ಲಙ್, ಲಿಟ್‌ಗಳನ್ನು ನೀವು ಬೇರೆಯಾಗಿಯೇ ಕೂತು ಕಲಿಯಬೇಕು. ಮಗಳಿಗೆ ಇದು, ನಿಮಗೆ ಭಂಡಾರ್ಕರ್ ಎಂದು ಹಂಚಿಕೊಂಡರೂ ಆದೀತು.

ಪಟ್ಟಿಯ ಪುಸ್ತಕಕ್ಕೆ ದೂರ ಹೋಗಬೇಕಾಗಿಲ್ಲ. ಪಾಲಕ್ಕಾಡಿನ ಕಲ್ಪಾತ್ತಿಯಿಂದ ಆರ್.ಎಸ್. ವಾಧ್ಯಾರ್ ಅವರು ಪ್ರಕಟಿಸುವ ‘ಶಬ್ದಮಂಜರಿ’, ‘ಧಾತುರೂಪಮಂಜರಿ’ ದಕ್ಷಿಣದವರೆಲ್ಲ ಬಳಸುವಂಥವು. ತೆಳ್ಳಗೆ, ನಾಗರಿಯಲ್ಲಿ, ಚೀಲದಲ್ಲಿ ಹಿಡಿಯುವಂಥವು. ಶಬ್ದಮಂಜರಿಯಲ್ಲಿ ಇರುವ ಎಲ್ಲವನ್ನೂ ಬಾಯಿಪಾಠ ಮಾಡಲು ಹೋಗಬೇಡಿ. ಒಂದು ಶಬ್ದಕ್ಕೆ ಎಂಟು ಸಾಲು, ಮೂರು ವಚನ, 24 ರೂಪ. ಮೊದಲ ವರ್ಷಕ್ಕೆ ರಾಮ, ಹರಿ, ಗುರು, ಪಿತೃ. ರಮಾ, ಮತಿ, ನದೀ, ಧೇನು, ವಧೂ, ಮಾತೃ. ಫಲ, ವಾರಿ, ಮಧು. ಹಲಂತದಲ್ಲಿ (ವ್ಯಂಜನಾಂತದಲ್ಲಿ) ರಾಜನ್, ಆತ್ಮನ್, ಭಗವತ್, ಗುಣಿನ್, ವಾಚ್, ಮನಸ್, ಜಗತ್. ಸರ್ವನಾಮದಲ್ಲಿ ತದ್, ಯದ್, ಕಿಮ್, ಇದಮ್, ಅಸ್ಮದ್, ಯುಷ್ಮದ್. ಇಷ್ಟು ಬಂದರೆ ಓದುವಾಗ ಸಿಗುವ ಬಹುಪಾಲು ನಾಮರೂಪಗಳು ಕೈಗೆ ಬಂದ ಹಾಗೆ. ಇದಮ್ ಮಾತ್ರ ಅಯಮ್, ಇಮಮ್, ಅನೇನ, ಅಸ್ಮೈ ಎಂದು ಪ್ರತಿ ಸಾಲಿಗೂ ವೇಷ ಬದಲಿಸುತ್ತದೆ, ಅದಕ್ಕೆ ಒಂದು ವಾರ ಹೆಚ್ಚು ಕೊಡಿ. ಧಾತುವಿನಲ್ಲಿ ಹತ್ತು ಲಕಾರಕ್ಕೂ (ಕಾಲ, ಆಜ್ಞೆ ಮುಂತಾದ ಅರ್ಥದ ರೂಪಗಳಿಗೂ) ಕೈಹಾಕಬೇಡಿ: ಲಟ್ (ವರ್ತಮಾನ), ಲಙ್ (ಭೂತ), ಲೋಟ್ (ಆಜ್ಞೆ), ವಿಧಿಲಿಙ್ (ವಿಧಿ), ಲೃಟ್ (ಭವಿಷ್ಯ), ಐದು ಸಾಕು, ಒಂದೊಂದಕ್ಕೆ 9 ರೂಪ. ಧಾತುಗಳ ಹತ್ತು ಗಣಗಳಲ್ಲಿ (ಗುಂಪುಗಳಲ್ಲಿ) 1, 4, 6, 10 ಈ ನಾಲ್ಕರ ಅಂಗ (ಕೊನೆಯ ಪ್ರತ್ಯಯದ ಹಿಂದಿನ ಭಾಗ) ಅಕಾರದಲ್ಲಿ ನಿಲ್ಲುವುದರಿಂದ ಭವತಿ, ನೃತ್ಯತಿ, ತುದತಿ, ಚೋರಯತಿ ಎಲ್ಲ ಒಂದೇ ಹಾದಿಯಲ್ಲಿ ನಡೆಯುತ್ತವೆ. ಅವನ್ನು ಮೊದಲು ಮುಗಿಸಿ, ಆಮೇಲೆ ಅಸ್ತಿ, ಕರೋತಿ, ದದಾತಿ, ಶೃಣೋತಿ, ಜಾನಾತಿ ಬಿಡಿಬಿಡಿಯಾಗಿ.

ಓದುವ ಪುಸ್ತಕ ಮೂರನೇ ತಿಂಗಳಿಂದಲೇ ಜೊತೆಗಿರಲಿ. ಕೇರಳದ ಹಳೆಯ ಕ್ರಮದಲ್ಲಿ ‘ಸಿದ್ಧರೂಪ’ ಎಂಬ ಶಬ್ದರೂಪಗಳ ಪುಸ್ತಕ ಮುಗಿಸಿ ‘ಶ್ರೀರಾಮೋದಂತ’ಕ್ಕೆ ಹೋಗುತ್ತಿದ್ದರು. ರಾಮಾಯಣದ ಕಥೆ ಸುಮಾರು 200 ಸರಳ ಅನುಷ್ಟುಪ್ ಶ್ಲೋಕಗಳಲ್ಲಿ ಉಂಟು. ಅದಕ್ಕಿಂತ ಒಳ್ಳೆಯ ಮೊದಲ ಓದು ಸಿಗುವುದು ಕಷ್ಟ. ಕಥೆ ಗೊತ್ತಿರುವುದರಿಂದ ಮನಸ್ಸೆಲ್ಲ ವಿಭಕ್ತಿಯ ಮೇಲೆ ನಿಲ್ಲುತ್ತದೆ.

ಈಗ ಕನ್ನಡದವರು ವಿಶೇಷವಾಗಿ ಎಡವುವ ಜಾಗಗಳು. ಇವನ್ನು ಯಾವ ಇಂಗ್ಲಿಷ್, ಹಿಂದಿ ಪುಸ್ತಕವೂ ಹೇಳುವುದಿಲ್ಲ, ಹಾಗಾಗಿ ಉದ್ದವಾದರೂ ಬರೆಯುತ್ತೇನೆ. ನಮ್ಮ ‘ಇಂದ’ ಎರಡು ಕೆಲಸ ಮಾಡುತ್ತದೆ. ಕತ್ತಿಯಿಂದ ಕಡಿದ, ಮರದಿಂದ ಬಿದ್ದ. ಮೊದಲನೆಯದು ಕರಣ, ತೃತೀಯಾ. ಎರಡನೆಯದು ಅಪಾದಾನ, ಪಂಚಮಿ: ವೃಕ್ಷಾತ್ ಪತತಿ. ಶಾಲೆಯಲ್ಲಿ ಪಂಚಮಿಗೆ ‘ದೆಸೆಯಿಂದ’ ಎಂದು ಕಲಿಸಿದರೂ ಮಾತಿನಲ್ಲಿ ಯಾರೂ ಮರದ ದೆಸೆಯಿಂದ ಬೀಳುವುದಿಲ್ಲ. ಆದ್ದರಿಂದ ‘ವೃಕ್ಷೇಣ ಪತತಿ’ ಎಂಬ ತಪ್ಪು ಉತ್ತರಪತ್ರಿಕೆಗಳಲ್ಲಿ ಧಾರಾಳ. ಅಗಲುವಿಕೆ ಉಂಟೋ ಎಂದು ಕೇಳಿಕೊಳ್ಳಿ, ಇದ್ದರೆ ಪಂಚಮಿ.

‘ಗೆ’ ಇನ್ನೂ ಮೋಸದ್ದು. ‘ಬಾಲನಿಗೆ ಹಣ್ಣು ಕೊಡು’, ಸರಿ, ಚತುರ್ಥೀ: ಬಾಲಾಯ. ‘ಊರಿಗೆ ಹೋಗುತ್ತಾನೆ’ ಎಂಬುದು ಗ್ರಾಮಂ ಗಚ್ಛತಿ, ದ್ವಿತೀಯಾ. ‘ಹುಲಿಗೆ ಹೆದರುತ್ತಾನೆ’ ಎಂಬುದು ವ್ಯಾಘ್ರಾದ್ ಬಿಭೇತಿ, ಪಂಚಮಿ, ಸೂತ್ರ ‘ಭೀತ್ರಾರ್ಥಾನಾಂ ಭಯಹೇತುಃ’ (1.4.25). ‘ಮಗುವಿಗೆ ಹಾಲು ಇಷ್ಟ’ ಎಂಬುದು ಶಿಶವೇ ಕ್ಷೀರಂ ರೋಚತೇ, ಇಲ್ಲಿ ಚತುರ್ಥಿಯೇ (1.4.33). ಗುರುಗಳಿಗೆ ನಮಸ್ಕಾರ ಎಂಬಲ್ಲಿ ‘ಗುರವೇ ನಮಃ’ ಸರಿ, ಆದರೆ ಕ್ರಿಯಾಪದ ಬಂದ ಕೂಡಲೇ ‘ಗುರುಂ ನಮಸ್ಕರೋತಿ’. ಉಪಪದವಿಭಕ್ತಿಗಿಂತ (ನಮಃ ಎಂಬಂಥ ಪದದಿಂದ ಬರುವುದಕ್ಕಿಂತ) ಕಾರಕವಿಭಕ್ತಿಗೆ (ಕ್ರಿಯೆಯ ಸಂಬಂಧದಿಂದ ಬರುವುದಕ್ಕೆ) ಬಲ ಹೆಚ್ಚು ಎಂಬುದು ಅದಕ್ಕೆ ಕಾರಣ. ಇದೇ ರೀತಿ ನಮ್ಮ ಷಷ್ಠಿಯೂ ಎಳೆಯುತ್ತದೆ. ರಾಮನ ಜೊತೆ ಎಂದದ್ದು ‘ರಾಮಸ್ಯ ಸಹ’ ಆಗುತ್ತದೆ, ಆಗಬೇಕಾದದ್ದು ರಾಮೇಣ ಸಹ. ಮನೆಯ ಸುತ್ತ ಎಂದದ್ದು ‘ಗೃಹಸ್ಯ ಪರಿತಃ’ ಆಗುತ್ತದೆ, ಆಗಬೇಕಾದದ್ದು ಗೃಹಂ ಪರಿತಃ.

‘ಮಾಡಿ’, ‘ಓದಿ’, ‘ಬಂದು’ ನಮ್ಮಲ್ಲಿ ಇರುವುದರಿಂದ ಪಠಿತ್ವಾ, ಆಗತ್ಯ ಎಂಬ ರೂಪಗಳು ನೀರು ಕುಡಿದಷ್ಟು ಸುಲಭ ಎನಿಸುತ್ತವೆ. ಎರಡು ಎಚ್ಚರ ಬೇಕು. ಉಪಸರ್ಗ ಇದ್ದರೆ ‘ತ್ವಾ’ ಅಲ್ಲ, ‘ಯ’: ಗತ್ವಾ ಸರಿ, ‘ಆಗತ್ವಾ’ ತಪ್ಪು. ಎರಡನೆಯದು ದೊಡ್ಡದು. ‘ಮಳೆ ಬಂದು ಚಂದ್ರಗಿರಿ ಹೊಳೆ ತುಂಬಿತು’ ಎಂದು ಕನ್ನಡದಲ್ಲಿ ಹೇಳಬಹುದು, ಬಂದದ್ದು ಮಳೆ, ತುಂಬಿದ್ದು ಹೊಳೆ. ಸಂಸ್ಕೃತದಲ್ಲಿ ಎರಡು ಕ್ರಿಯೆಗೂ ಕರ್ತೃ ಒಂದೇ ಇರಬೇಕು (ಸಮಾನಕರ್ತೃಕಯೋಃ ಪೂರ್ವಕಾಲೇ, 3.4.21). ಆದ್ದರಿಂದ ಅಲ್ಲಿ ಸತಿಸಪ್ತಮಿ, ‘ಹೀಗಾದಾಗ’ ಎಂಬರ್ಥದ ಸಪ್ತಮಿ: ವೃಷ್ಟೌ ಪತಿತಾಯಾಂ ನದೀ ಪೂರ್ಣಾ. ಕರ್ಮಣಿ ಪ್ರಯೋಗವನ್ನು ಕನ್ನಡಕ್ಕೆ ತರುವಾಗ ‘ರಾಮನಿಂದ ಓದಲ್ಪಡುತ್ತದೆ’ ಎಂದು ಬರೆಸುವ ಅಭ್ಯಾಸ ಬಿಟ್ಟುಬಿಡಿ. ‘ರಾಮೇಣ ಪಠ್ಯತೇ’ ಎಂದರೆ ರಾಮ ಓದುತ್ತಾನೆ, ಅಷ್ಟೇ. ಸಂಸ್ಕೃತದಲ್ಲಿ ಅದು ಸಹಜ ಮಾತು, ಕನ್ನಡದಲ್ಲಿ ಸಹಜವಲ್ಲ.

ಲಿಂಗ ಇನ್ನೊಂದು ತಲೆನೋವು. ಮಿತ್ರಮ್ ನಪುಂಸಕ, ದೇವತಾ ಸ್ತ್ರೀಲಿಂಗ, ಹೆಂಡತಿ ಎಂಬರ್ಥದ ದಾರಾಃ ಪುಲ್ಲಿಂಗ, ಅದೂ ಬಹುವಚನ. ಹವ್ಯಕ ಕನ್ನಡ ಮನೆಮಾತಾದವರಿಗೆ ಇಲ್ಲಿ ಸಣ್ಣ ಅನುಕೂಲ ಉಂಟು. ಅಕ್ಕನನ್ನೂ ‘ಅದು ಬಂತು’ ಎಂದೇ ಹೇಳಿ ಅಭ್ಯಾಸವಾದ ಬಾಯಿಗೆ ವ್ಯಾಕರಣದ ಲಿಂಗ ಬೇರೆ, ಲೋಕದ ಲಿಂಗ ಬೇರೆ ಎಂದು ಪ್ರತ್ಯೇಕ ಹೇಳಬೇಕಾಗಿಲ್ಲ. ಉಳಿದಂತೆ ಅಮರಕೋಶವೇ ಗತಿ. ಮೂರು ಕಾಂಡಗಳಲ್ಲಿ ಮೊದಲನೆಯದರಿಂದ ದಿನಕ್ಕೆ ಎರಡು ಶ್ಲೋಕ ಹೇಳಿ, ಶಬ್ದ ಲಿಂಗದ ಸಮೇತ ಬಾಯಿಗೆ ಬರುತ್ತದೆ. ಅರ್ಥದಲ್ಲೂ ಜಾಗ್ರತೆ ಬೇಕು: ನಮ್ಮ ಅವಸರ ಆತುರ, ಸಂಸ್ಕೃತದ್ದು ಸಂದರ್ಭ. ನಮ್ಮ ಅನುಮಾನ ಸಂಶಯ, ಅಲ್ಲಿಯದ್ದು ಊಹಿಸಿ ತಿಳಿಯುವುದು.

ಸಂಧಿಯಲ್ಲಿ ನೀವು ಆಗಲೇ ಅರ್ಧ ದಾರಿ ಬಂದಿದ್ದೀರಿ. ಸವರ್ಣದೀರ್ಘ, ಗುಣ, ವೃದ್ಧಿ, ಯಣ್, ಜಶ್ತ್ವ, ಶ್ಚುತ್ವ ಎಲ್ಲ ಹೈಸ್ಕೂಲಿನ ಕನ್ನಡ ವ್ಯಾಕರಣದಲ್ಲೇ ಸುರಾಸುರ, ದೇವೇಂದ್ರ, ಏಕೈಕ, ಇತ್ಯಾದಿ, ವಾಗ್ದೇವಿ, ಸಜ್ಜನ ಎಂದು ಕಲಿತದ್ದು. (ಕೇಶಿರಾಜನ ಶಬ್ದಮಣಿದರ್ಪಣವನ್ನು ತಿರುವಿದವರಿಗೆ ಸಂಧಿ, ನಾಮ, ಸಮಾಸ, ತದ್ಧಿತ, ಆಖ್ಯಾತ ಎಂಬ ಪ್ರಕರಣಗಳ ಸಾಲೂ ಹೊಸದಲ್ಲ.) ಕನ್ನಡ ಕಲಿಸದೆ ಬಿಟ್ಟದ್ದು ವಿಸರ್ಗಸಂಧಿ, ಓದುವಾಗ ಪದ ಬಿಡಿಸಲು ಬಾರದೆ ನಿಲ್ಲುವುದೂ ಅಲ್ಲೇ. ಈ ಐದನ್ನು ಒಂದು ಕಾಗದದಲ್ಲಿ ಬರೆದು ಅಡುಗೆಮನೆಯ ಗೋಡೆಗೆ ಅಂಟಿಸಿ: ರಾಮಃ + ಅಪಿ = ರಾಮೋಽಪಿ, ರಾಮಃ + ಗಚ್ಛತಿ = ರಾಮೋ ಗಚ್ಛತಿ, ರಾಮಃ + ಆಗಚ್ಛತಿ = ರಾಮ ಆಗಚ್ಛತಿ, ಹರಿಃ + ಗಚ್ಛತಿ = ಹರಿರ್ಗಚ್ಛತಿ, ರಾಮಃ + ಚ = ರಾಮಶ್ಚ. ಇವುಗಳಲ್ಲಿ ಮೂರನೆಯದು ಹೆಚ್ಚು ಮೋಸ ಮಾಡುತ್ತದೆ. ವಿಸರ್ಗ ಮಾಯವಾಗಿ ‘ರಾಮ’ ಎಂದು ಮಾತ್ರ ಉಳಿಯುವುದರಿಂದ ಸಂಬೋಧನೆ ಎಂದು ಓದಿಬಿಡುತ್ತೇವೆ.

ಒಂದು ಗಂಟೆಯನ್ನು ಹೀಗೆ ಕಳೆಯಬಹುದು: ಹದಿನೈದು ನಿಮಿಷ ಗಟ್ಟಿಯಾಗಿ ಬಾಯಿಪಾಠ, ಇಪ್ಪತ್ತು ನಿಮಿಷ ಹೊಸ ಪಾಠ, ಉಳಿದದ್ದು ಬರೆಯುವುದಕ್ಕೆ. ಬಾಯಿಪಾಠಕ್ಕೆ ಮಗಳನ್ನೂ ಕೂರಿಸಿಕೊಳ್ಳಿ, ಒಬ್ಬರು ರಾಮಃ ರಾಮೌ ಎಂದರೆ ಇನ್ನೊಬ್ಬರು ರಾಮಾಃ. ಬರೆದದ್ದನ್ನು ಅದೇ ದಿನ ತಿದ್ದಬೇಡಿ, ಮಾರನೆಯ ದಿನ ಶಬ್ದಮಂಜರಿ ಇಟ್ಟುಕೊಂಡು ತಿದ್ದಿ. ಕಣ್ಣು ಹೊಸದಾಗಿದ್ದರೆ ತಪ್ಪು ತಾನಾಗಿ ಕಾಣುತ್ತದೆ.

ಹತ್ತು ಹನ್ನೆರಡು ತಿಂಗಳಾದ ಮೇಲೆ ಅಜ್ಜನ ಪುಸ್ತಕ ಇಳಿಸಿ. ಆಗಲೂ ಸಂಜ್ಞಾಪ್ರಕರಣವನ್ನು (ಪಾರಿಭಾಷಿಕ ಪದಗಳ ಭಾಗವನ್ನು) ಅರೆಯಬೇಡಿ. ಹದಿನಾಲ್ಕು ಮಾಹೇಶ್ವರಸೂತ್ರ (ಪಾಣಿನಿಯ ಅಕ್ಷರಮಾಲೆ) ಬಾಯಿಗೆ ಬರಲಿ, ಅಚ್, ಹಲ್, ಅಕ್, ಇಕ್, ಏಚ್, ಯಣ್, ಝಲ್, ಜಶ್, ಖರ್, ಹಶ್ ಎಂಬ ಪ್ರತ್ಯಾಹಾರಗಳಲ್ಲಿ (ಅಕ್ಷರಗುಂಪಿನ ಚುಟುಕು ಹೆಸರುಗಳಲ್ಲಿ) ಯಾವ ಅಕ್ಷರಗಳಿವೆ ಎಂದು ಥಟ್ಟನೆ ಹೇಳಲು ಬರಲಿ, ಸಾಕು. ನೇರ ಅಚ್ಸಂಧಿಗೆ (ಸ್ವರಸಂಧಿಗೆ) ಹೋಗಿ, ಅಲ್ಲಿಂದ ವಿಸರ್ಗಸಂಧಿ, ನೀವು ಎರಡು ಸಲ ನಿಂತ ಹಲ್ಸಂಧಿ ಅದರ ನಂತರ. ಆಮೇಲೆ ಅಜಂತಪುಲ್ಲಿಂಗದಲ್ಲಿ (ಸ್ವರಾಂತ ಪುಲ್ಲಿಂಗದ ಭಾಗದಲ್ಲಿ) ರಾಮಶಬ್ದದ ಪ್ರಕ್ರಿಯೆ, ಅಂದರೆ ರೂಪ ಸಿದ್ಧವಾಗುವ ಹೆಜ್ಜೆಗಳನ್ನು, ಪೂರ್ತಿ ಬರೆಯಿರಿ. ಅದೊಂದಕ್ಕೇ ಒಂದು ತಿಂಗಳು ಹಿಡಿದರೂ ನಷ್ಟವಿಲ್ಲ, ಮುಂದಿನ ಶಬ್ದಗಳಿಗೆ ಅದೇ ಸೂತ್ರಗಳು ತಿರುಗಿ ಬರುತ್ತವೆ. ಪಕ್ಕದಲ್ಲಿ ಅಷ್ಟಾಧ್ಯಾಯಿಯ ಬರೀ ಸೂತ್ರಪಾಠದ ಸಣ್ಣ ಪುಸ್ತಕ ಒಂದಿರಲಿ. ಪ್ರತಿ ಸೂತ್ರವನ್ನೂ ಅದರ ಮೂಲ ಜಾಗದಲ್ಲಿ ಹುಡುಕಿ, ಮೇಲಿನ ನಾಲ್ಕಾರು ಸೂತ್ರ ಓದಿ, ವೃತ್ತಿಯಲ್ಲಿ ಹೆಚ್ಚಿಗೆ ಬಂದ ಪದ ಯಾವುದರಿಂದ ಇಳಿಯಿತು ಎಂದು ಪೆನ್ಸಿಲಿನಲ್ಲಿ ಗುರುತು ಮಾಡಿ. ಇದು ಮಾಡಿದವರಿಗೆ ವೃತ್ತಿ ಬಾಯಿಪಾಠದ ಹೊರೆ ಅರ್ಧ ಇಳಿಯುತ್ತದೆ. ‘ವಿಪ್ರತಿಷೇಧೇ ಪರಂ ಕಾರ್ಯಮ್’ (1.4.2), ‘ಪೂರ್ವತ್ರಾಸಿದ್ಧಮ್’ (8.2.1) ಎಂಬ ಎರಡೂ ಸೂತ್ರಗಳು ಯಾವುದು ಮೊದಲು, ಯಾವುದು ಆಮೇಲೆ ಎಂಬುದರ ಮೇಲೇ ನಿಂತಿರುವುದರಿಂದ ಮೂಲದ ಸಾಲು ನೋಡದೆ ಅರ್ಥವೇ ಆಗುವುದಿಲ್ಲ. ಮೊಬೈಲಿನಲ್ಲಿ ಅಷ್ಟಾಧ್ಯಾಯೀ ಡಾಟ್ ಕಾಮ್ ಎಂಬ ಜಾಲತಾಣ ತೆರೆದರೆ ಸೂತ್ರದ ಕೆಳಗೆ ಕಾಶಿಕಾ (ಅಷ್ಟಾಧ್ಯಾಯಿಯ ಹಳೆಯ ವೃತ್ತಿ), ಕೌಮುದಿಗಳ ಪಾಠ ಒಟ್ಟಿಗೆ ಸಿಗುತ್ತದೆ. ಹುಡುಕಲಿಕ್ಕೆ ಅದು, ಕಲಿಯಲಿಕ್ಕೆ ಕಾಗದದ್ದು.

ವ್ಯಾಖ್ಯಾನ ಬೇಕಾದರೆ ಹಿಂದಿಯಲ್ಲಿ ಭೀಮಸೇನ ಶಾಸ್ತ್ರಿಗಳ ‘ಭೈಮೀ ವ್ಯಾಖ್ಯಾ’, ಆರು ಭಾಗ. ಒಂದು ಸೂತ್ರಕ್ಕೆ ಎಷ್ಟು ಸಂಶಯ ಬರಬಹುದೋ ಅಷ್ಟಕ್ಕೂ ಅಲ್ಲಿ ಉತ್ತರ ಉಂಟು. ಆರನ್ನೂ ಒಟ್ಟಿಗೆ ಕೊಳ್ಳಬೇಡಿ, ಮೊದಲ ಭಾಗ ಮುಗಿಸಿ ನೋಡಿ. ಲಘುಕೌಮುದಿಯ ಒಂದು ಕೊರತೆ ಮೊದಲೇ ತಿಳಿದಿರಲಿ: ವಿಭಕ್ತಿಗಳ ಪ್ರಯೋಗ ಹೇಳುವ ಅದರ ಕಾರಕ ಭಾಗ ತೀರಾ ಚಿಕ್ಕದು, ಇಪ್ಪತ್ತು ಸೂತ್ರವೂ ಇಲ್ಲ. ನಮಗೆ ಬೇಕೇಬೇಕಾದ ಹುಲಿಯ ಸೂತ್ರ, ಅದೇ ‘ಭೀತ್ರಾರ್ಥಾನಾಂ’, ಅಲ್ಲಿ ಇಲ್ಲ. ಕಾರಕವನ್ನು ಭಟ್ಟೋಜಿ ದೀಕ್ಷಿತರ ಸಿದ್ಧಾಂತಕೌಮುದಿಯಿಂದಲೇ ಓದಬೇಕು, ಆ ಪ್ರಕರಣವನ್ನು ಮಾತ್ರ ಬೇರೆ ಮಾಡಿ ಮುದ್ರಿಸಿದ ತೆಳು ಪುಸ್ತಕಗಳು ಸಿಗುತ್ತವೆ. ನೋಡಿಕೊಳ್ಳುವ ಪುಸ್ತಕವಾಗಿ ಮೊ.ರಾ. ಕಾಳೆಯವರ 1894ರ ಇಂಗ್ಲಿಷ್ ವ್ಯಾಕರಣ ಇರಲಿ, ಅದನ್ನು ಓದಲು ಕೂರಬೇಡಿ, ಸಂಶಯ ಬಂದಾಗ ತೆರೆಯಿರಿ. ವಿಟ್ನಿಯ 1879ರ ವ್ಯಾಕರಣ ಭಾಷಾಶಾಸ್ತ್ರದವರಿಗೆ ಒಳ್ಳೆಯದು, ಆದರೆ ಪಾಣಿನಿಯ ದಾರಿಯದ್ದಲ್ಲ, ನಿಮಗೆ ಬೇಡ. ನಿಘಂಟಿಗೆ ಆಪ್ಟೆ. ಮೋನಿಯರ್ ವಿಲಿಯಮ್ಸ್ ದೊಡ್ಡದು, ಆದರೆ ಕಾವ್ಯ ಓದುವವರಿಗೆ ಪ್ರಯೋಗದ ವಾಕ್ಯ ಕೊಡುವ ಆಪ್ಟೆಯೇ ಹೆಚ್ಚು ಉಪಕಾರಿ.

ಮೇಲ್ಪತ್ತೂರು ನಾರಾಯಣ ಭಟ್ಟತಿರಿ, ನಾರಾಯಣೀಯದ ಕವಿ, ಪಾಣಿನಿಯ ಸೂತ್ರಗಳನ್ನೇ ಇಪ್ಪತ್ತು ಖಂಡಗಳಲ್ಲಿ ಬೇರೆ ಥರ ಜೋಡಿಸಿ ‘ಪ್ರಕ್ರಿಯಾಸರ್ವಸ್ವ’ ಬರೆದಿದ್ದಾರೆ. ಕೇರಳದ ನೆಲದ್ದೇ ಪುಸ್ತಕ, ಆದರೆ ಅದು ಕೌಮುದಿಯ ಆಚೆಗಿನದು. ಪ್ರಸ್ತಾಪ ಮಾಡಿದ್ದು ಯಾರಾದರೂ ‘ಇಲ್ಲಿಯದ್ದೇ ಓದಿ’ ಎಂದು ಕೈಗೆ ಕೊಟ್ಟರೆ ಹೆದರದಿರಲಿ ಎಂದು.

ಕೊಳ್ಳುವಾಗ ಪ್ರತಿ ಪರೀಕ್ಷೆ ಮಾಡಿ. ಕೊನೆಯಲ್ಲಿ ಸೂತ್ರಗಳ ಅಕಾರಾದಿ ಸೂಚಿ ಇಲ್ಲದ ಕೌಮುದಿ ಬೇಡ. ಸೂತ್ರದ ಮುಂದೆ ಕೌಮುದಿಯ ಕ್ರಮಸಂಖ್ಯೆಯ ಜೊತೆಗೆ 6.1.77 ಎಂಬಂಥ ಅಷ್ಟಾಧ್ಯಾಯಿಯ ಸಂಖ್ಯೆಯೂ ಇರಬೇಕು, ಅಧ್ಯಾಯ, ಪಾದ, ಸೂತ್ರ ಎಂಬ ಕ್ರಮದಲ್ಲಿ. ‘ಇಕೋ ಯಣಚಿ’ ಇರುವ ಪುಟ ತೆರೆದು ಅಲ್ಲಿನ ಉದಾಹರಣೆ ಸುಧ್ಯುಪಾಸ್ಯದ (ಸುಧೀ + ಉಪಾಸ್ಯ) ಪ್ರಕ್ರಿಯೆ ಓದಿ. ಬರೀ ಫಲ ಕೊಟ್ಟಿದ್ದಾರೋ, ಹೆಜ್ಜೆ ಹೆಜ್ಜೆಯಾಗಿ ಬಿಡಿಸಿದ್ದಾರೋ ಅಲ್ಲೇ ತಿಳಿಯುತ್ತದೆ. ಶಬ್ದರೂಪದ ಪುಸ್ತಕವಾದರೆ ರಾಮೇಣ, ಪಿತೄಣಾಮ್ ಎಂಬೆರಡು ನೋಡಿ, ಇವು ತಪ್ಪಾಗಿದ್ದರೆ ಉಳಿದದ್ದನ್ನು ನಂಬುವ ಹಾಗಿಲ್ಲ. ಅಂತರ್ಜಾಲದಿಂದ ಇಳಿಸಿದ ಹಳೆಯ ಮುದ್ರಣದ ಚಿತ್ರಪ್ರತಿ ಒಳ್ಳೆಯದೇ. ಅದನ್ನು ಯಂತ್ರದಿಂದ ಅಕ್ಷರ ಮಾಡಿದ ಪಠ್ಯ ಮಾತ್ರ ಬೇಡ, ಅವಗ್ರಹ (ಽ ಚಿಹ್ನೆ) ಹಾರಿಹೋಗಿರುತ್ತದೆ. ‘ರಾಮೋಽಪಿ’ಯ ಅವಗ್ರಹ ಹೋದರೆ ಹೊಸಬರಿಗೆ ಪದ ಬಿಡಿಸಲಿಕ್ಕೆ ಆಸರೆಯೇ ಇಲ್ಲ.

ರಘುವಂಶಕ್ಕೆ ಯಾವಾಗ ಕೈಹಾಕಬಹುದು ಎಂದು ಗೊತ್ತಾಗಲು ಎರಡನೆಯ ಸರ್ಗದ ಮೊದಲ ಶ್ಲೋಕ ತೆಗೆಯಿರಿ:

ಅಥ ಪ್ರಜಾನಾಮಧಿಪಃ ಪ್ರಭಾತೇ ಜಾಯಾಪ್ರತಿಗ್ರಾಹಿತಗನ್ಧಮಾಲ್ಯಾಮ್ ।
ವನಾಯ ಪೀತಪ್ರತಿಬದ್ಧವತ್ಸಾಂ ಯಶೋಧನೋ ಧೇನುಮೃಷೇರ್ಮುಮೋಚ ॥

ನಿಘಂಟು ನೋಡಬಹುದು, ಅನುವಾದ ನೋಡಬಾರದು. ‘ಋಷೇರ್ಮುಮೋಚ’ ಎಂಬಲ್ಲಿ ಹರಿರ್ಗಚ್ಛತಿಯ ಸಂಧಿ ಕಾಣಬೇಕು. ‘ಯಶೋಧನೋ’ ಎಂಬ ಓಕಾರದ ಹಿಂದೆ ವಿಸರ್ಗ ಉಂಟು ಎಂದು ತಿಳಿಯಬೇಕು. ಎರಡು ಉದ್ದ ಸಮಾಸಗಳೂ ಸ್ತ್ರೀಲಿಂಗ ದ್ವಿತೀಯಾ ಏಕವಚನದಲ್ಲಿವೆ, ಆದ್ದರಿಂದ ಅವು ‘ಧೇನುಮ್’ ಎಂಬುದಕ್ಕೆ ಸೇರಿದ ಬಹುವ್ರೀಹಿಗಳು ಎಂದು ಹಿಡಿಯಬೇಕು: ಹೆಂಡತಿ ಗಂಧಮಾಲೆ ತೊಡಿಸಿದ, ಹಾಲು ಕುಡಿದ ಕರುವನ್ನು ಕಟ್ಟಿಹಾಕಿದ ಆ ಹಸುವನ್ನು. ಮಗಳು ಶಾಲೆಯಲ್ಲಿ ಕೇಳಿದ ಹಾಗೆ ‘ವಲ್ಸಾಂ’ ಎಂದು ಓದಿದರೆ ಓದಲಿ, ಬರೆಯುವಾಗ ತಕಾರ ಇದ್ದರೆ ಆಯಿತು. ‘ಮುಮೋಚ’ ಲಿಟ್, ನೀವು ಪಟ್ಟಿಯಲ್ಲಿ ಇನ್ನೂ ಕಲಿಯದ ಲಕಾರ, ಆದರೂ ಮುಚ್ ಧಾತು ಎಂದು ಊಹಿಸಲು ಬರಬೇಕು. ‘ವನಾಯ’ ಎಂಬ ಚತುರ್ಥಿಯ ಬಳಿ ಮಾತ್ರ ಯಾವ ಪುಸ್ತಕವನ್ನೂ ತೆರೆಯಬೇಕಾಗಿಲ್ಲ. ವ್ಯಾಖ್ಯಾನಕಾರ ಮಲ್ಲಿನಾಥ ಅದನ್ನು ‘ವನಂ ಗನ್ತುಮ್’ ಎಂದು ಬಿಡಿಸುತ್ತಾನೆ, ಸೂತ್ರ 2.3.14. ಅಷ್ಟು ಹೊತ್ತು ಮೋಸ ಮಾಡುತ್ತಿದ್ದ ನಮ್ಮ ‘ಗೆ’ ಇಲ್ಲಿ ಸರಿಯಾಗಿ ಬಂದು ಕೂರುತ್ತದೆ: ಹಸುವನ್ನು ಕಾಡಿಗೆ ಬಿಟ್ಟ.